ಚೋಮನಾದ ನಟ: ಎಂ. ವಿ. ವಾಸುದೇವರಾಯರು



ಕಾದಂಬರಿ ಪ್ರಕಾರವನ್ನು ಪಾಠ ಮಾಡುವ ಸಂದರ್ಭದಲ್ಲಿ ನಾನು ತರಗತಿಯಲ್ಲಿ ಮೂರು ಸಣ್ಣ ಪ್ರಶ್ನೆಗಳನ್ನು ಕೇಳುವ ರೂಢಿಯಿದೆ. ‘ಚೋಮನ ದುಡಿ’ ಕಾದಂಬರಿಯನ್ನು ಬರೆದವರು ಯಾರು? ಎಲ್ಲರ ಕೈಗಳೂ ಮೇಲೇಳುತ್ತವೆ. ಶಿವರಾಮ ಕಾರಂತರ ಹೆಸರು ಒಕ್ಕೊರಲಿನಿಂದ ಬರುತ್ತದೆ. ಅದನ್ನು ಚಲನಚಿತ್ರವಾಗಿಸಿದವರು ಯಾರು? ನಾಲ್ಕಾರು ಜನ ಬಿ. ವಿ. ಕಾರಂತರೆಂದು ಹೇಳುತ್ತಾರೆ, ಇನ್ನು ಕೆಲವರು ಇಬ್ಬರು ಕಾರಂತರನ್ನೂ ಒಬ್ಬರೆಂದೇ ತಿಳಿದಿರುತ್ತಾರೆ. ಆ ಚಿತ್ರದಲ್ಲಿ ಚೋಮನ ಪಾತ್ರವನ್ನು ಮಾಡಿದವರು ಯಾರು? ಈ ಪ್ರಶ್ನೆಗೆ ತರಗತಿ ಮೌನವಾಗುತ್ತದೆ. ಇಷ್ಟು ವರ್ಷಗಳ ಅಧ್ಯಾಪನದಲ್ಲಿ ಈ ಮೌನ ಮುರಿದದ್ದು ನನಗೆ ನೆನಪಿಲ್ಲ. ಆ ಮೌನಕ್ಕೆ ಉತ್ತರವಾಗಿ ಈ ಲೇಖನವನ್ನು ಬರೆಯುತ್ತಿದ್ದೇನೆ.

ಚೋಮನಾದವರು ಎಂ. ವಿ. ವಾಸುದೇವರಾಯರು. 1975ನೆಯ ಸಾಲಿನ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಇಡೀ ಭಾರತದ ಶ್ರೇಷ್ಠ ನಟರೆಂದು ಗೌರವ ಪಡೆದವರು. ಕನ್ನಡ ಚಿತ್ರವೊಂದರ ಅಭಿನಯಕ್ಕಾಗಿ ಈ ಗೌರವ ದೊರೆತದ್ದು ಅದೇ ಮೊದಲು. ಆದರೂ ಅವರು ತಮ್ಮ ಕಾಲದ ನಾಯಕನಟರ ಸಾಲಿನಲ್ಲಿ ನಿಂತವರಲ್ಲ. ಗೋಡೆಯ ಮೇಲಿನ ಪೋಸ್ಟರುಗಳಲ್ಲಿ ಅವರ ಮುಖವನ್ನು ಜನ ಹುಡುಕಲಿಲ್ಲ. ಬಾಳಿನ ಬಹುಭಾಗವನ್ನು ಅವರು ಪೋಷಕ ನಟರಾಗಿಯೇ ಕಳೆದರು.

ಈ ‘ಪೋಷಕ ನಟ’ ಎಂಬ ಮಾತಿನ ಬಳಿ ಒಂದು ಕ್ಷಣ ನಿಲ್ಲೋಣ. ಬೆಳಿಗ್ಗೆ ಮರಾಠಿಯಲ್ಲಿ ಗಣಿತವನ್ನೂ ಮಧ್ಯಾಹ್ನ ಕನ್ನಡದಲ್ಲಿ ಪದ್ಯವನ್ನೂ ಕಲಿತು ಬೆಳೆದ ನನ್ನಂಥವರಿಗೆ ಎರಡು ಭಾಷೆಗಳ ಪದಗಳನ್ನು ಅಕ್ಕಪಕ್ಕದಲ್ಲಿಟ್ಟು ನೋಡುವ ಚಟ ಹೋಗುವುದಿಲ್ಲ. ಮರಾಠಿ ಮತ್ತು ಹಿಂದಿಯಲ್ಲಿ ಇಂಥ ನಟನನ್ನು ‘ಚರಿತ್ರ ಅಭಿನೇತಾ’ ಎನ್ನುತ್ತಾರೆ, ‘ಸಹಾಯಕ’ನೆಂದೂ ಕರೆಯುತ್ತಾರೆ. ಮೊದಲನೆಯದು ಪಾತ್ರದ ಗುಣವನ್ನು ಹೇಳುತ್ತದೆ, ಎರಡನೆಯದು ಸ್ಥಾನವನ್ನು. ಕನ್ನಡವಾದರೋ ಅವನನ್ನು ಪೋಷಿಸುವವನೆಂದು ಕರೆಯಿತು. ನಾಯಕನಿಗೆ ತಂದೆಯಾಗಿ, ಜಮೀನ್ದಾರನಿಗೆ ಆಳಾಗಿ, ಊರಿಗೆ ಪೂಜಾರಿಯಾಗಿ ನಿಂತು ಕಥೆಗೆ ಅನ್ನವಿಕ್ಕುವವನು ಅವನು. ಅನ್ನವಿಕ್ಕುವವರ ಹೆಸರನ್ನು ಉಂಡವರು ಕೇಳುವುದು ಅಪರೂಪ. ವಾಸುದೇವರಾಯರ ಬಾಳಿನ ಕಥೆ ಈ ಒಂದು ಪದದ ಸುತ್ತ ಸುತ್ತಿಕೊಂಡಿದೆ.

ಕಂಪನಿಯ ಗರಡಿ

ವಾಸುದೇವರಾಯರು ಎಳವೆಯಲ್ಲಿಯೇ ಬಣ್ಣ ಹಚ್ಚಿದವರು. ಅವರು ಪಳಗಿದ್ದು ಗುಬ್ಬಿ ವೀರಣ್ಣನವರ ನಾಟಕ ಕಂಪನಿಯಲ್ಲಿ. 1884ರಲ್ಲಿ ತುಮಕೂರು ಸೀಮೆಯ ಗುಬ್ಬಿಯಲ್ಲಿ ಹುಟ್ಟಿದ ಈ ಕಂಪನಿ ವೀರಣ್ಣನವರ ಕೈಗೆ ಬಂದ ಮೇಲೆ ದಕ್ಷಿಣ ಭಾರತದ ದೊಡ್ಡ ನಾಟಕ ಸಂಸ್ಥೆಗಳಲ್ಲೊಂದಾಯಿತು. ‘ಕುರುಕ್ಷೇತ್ರ’ ನಾಟಕದಲ್ಲಿ ಆನೆ ಕುದುರೆಗಳನ್ನೇ ರಂಗದ ಮೇಲೆ ತಂದ ಖ್ಯಾತಿ ಅದರದು. ಮುಂದೆ ಕನ್ನಡ ಚಿತ್ರರಂಗವನ್ನು ಕಟ್ಟಿದ ರಾಜಕುಮಾರ್, ನರಸಿಂಹರಾಜು, ಬಾಲಕೃಷ್ಣ, ಜಿ. ವಿ. ಅಯ್ಯರ್ ಮೊದಲಾದವರು ಅದೇ ಗರಡಿಯ ಮಣ್ಣು ಮೆತ್ತಿಕೊಂಡು ಬಂದವರು.

ಇಂದಿನ ನಿಮಗೆ ಕಂಪನಿ ನಾಟಕದ ಶಿಕ್ಷಣಕ್ರಮವನ್ನು ಸ್ವಲ್ಪ ವಿವರಿಸಬೇಕು. ಅಲ್ಲಿ ಪಠ್ಯಪುಸ್ತಕವಿರಲಿಲ್ಲ, ಪದವಿಯಿರಲಿಲ್ಲ. ಕಂಪನಿಗೆ ಸೇರಿದ ಹುಡುಗ ಮೊದಲು ಪರದೆ ಎಳೆಯಬೇಕು, ಹಿರಿಯ ನಟರ ಉಡುಪು ಮಡಿಸಬೇಕು, ರಂಗದ ಪಕ್ಕದಲ್ಲಿ ನಿಂತು ಇಡೀ ನಾಟಕವನ್ನು ಬಾಯಿಪಾಠ ಮಾಡಿಕೊಳ್ಳಬೇಕು. ಪ್ರಹ್ಲಾದ, ಧ್ರುವ, ಲೋಹಿತಾಶ್ವ, ಬಾಲಕೃಷ್ಣ ಮುಂತಾದವು ಬಾಲನಟರ ಪಾಲಿಗೆ ಬರುತ್ತಿದ್ದ ಪಾತ್ರಗಳು. ಹಾರ್ಮೋನಿಯಂ ಮಾಸ್ತರರ ಮುಂದೆ ಕುಳಿತು ರಂಗಗೀತೆಗಳ ಮಟ್ಟು ಕಲಿಯಬೇಕು. ಧ್ವನಿವರ್ಧಕ ಬರುವ ಮೊದಲಿನ ಕಾಲದಲ್ಲಿ ನಾಲ್ಕಾಣೆ ಕೊಟ್ಟು ಕಡೆಯ ಸಾಲಿನಲ್ಲಿ ಕುಳಿತವನಿಗೂ ಪ್ರತಿಯೊಂದು ಅಕ್ಷರ ಕೇಳುವಂತೆ ದನಿಯನ್ನು ಎಸೆಯಬೇಕು. ಒಂದೂರಿನ ಕ್ಯಾಂಪು ಮುಗಿದರೆ ತಗಡು, ಕಂಬ, ಪರದೆಗಳನ್ನು ಬಿಚ್ಚಿ ಮುಂದಿನ ಊರಿಗೆ ಪಯಣ.

ನಮ್ಮ ಗಡಿಭಾಗದ ಹಿರಿಯರಿಗೆ ಈ ಚಿತ್ರ ಅಪರಿಚಿತವಲ್ಲ. ಕನ್ನಡ ಕಂಪನಿಗಳನ್ನೂ ಮರಾಠಿ ತಮಾಶಾ ಫಡಗಳನ್ನೂ ಒಂದೇ ಜಾತ್ರೆಯಲ್ಲಿ ನೋಡಿದವರು ಅವರು. ಹಗಲಿನಲ್ಲಿ ಬಾವಿಯ ಕಟ್ಟೆಯ ಮೇಲೆ ಬಟ್ಟೆ ಒಗೆಯುತ್ತಿದ್ದವನೇ ರಾತ್ರಿ ಕಿರೀಟ ಧರಿಸಿ ಬಂದಾಗ ಊರಿನ ಹುಡುಗರಿಗೆ ಆಗುತ್ತಿದ್ದ ಬೆರಗನ್ನು ನನ್ನ ತಂದೆಯವರು ವರ್ಣಿಸುತ್ತಿದ್ದರು.

ಈ ಗರಡಿಯಿಂದ ನಟನಿಗೆ ಎರಡು ಸಂಪತ್ತು ಒದಗುತ್ತಿತ್ತು. ಒಂದು, ಯಾವ ಪಾತ್ರವನ್ನೂ ಸಣ್ಣದೆಂದು ತಿಳಿಯದ ಶಿಸ್ತು. ಇಂದು ರಾಜನಾದವನು ನಾಳೆ ದ್ವಾರಪಾಲಕನಾಗಬೇಕಾದ ವ್ಯವಸ್ಥೆಯಲ್ಲಿ ಅಹಂಕಾರಕ್ಕೆ ಎಡೆ ಕಡಿಮೆ. ಇನ್ನೊಂದು, ದೇಹವನ್ನು ವಾದ್ಯದಂತೆ ಶ್ರುತಿಗೊಳಿಸುವ ಅಭ್ಯಾಸ. ಆದರೆ ಅದೇ ಗರಡಿ ಒಂದು ತೊಡಕನ್ನೂ ಕಟ್ಟಿಕೊಡುತ್ತಿತ್ತು. ದೂರದ ಪ್ರೇಕ್ಷಕನಿಗಾಗಿ ಹಿಗ್ಗಿಸಿದ ಅಭಿನಯ ಕ್ಯಾಮೆರಾದ ಮುಂದೆ ಅತಿಯಾಗಿ ಕಾಣುತ್ತದೆ. ಕಂಪನಿಯಿಂದ ಸಿನಿಮಾಕ್ಕೆ ಬಂದ ಅನೇಕ ಸಮರ್ಥರು ಈ ತೊಡಕನ್ನು ದಾಟಲಾರದೆ ಹೋದರು. ವಾಸುದೇವರಾಯರು ದಾಟಿದರು. ಹೇಗೆ ದಾಟಿದರೆಂಬುದಕ್ಕೆ ಅವರ ಚೋಮನೇ ಸಾಕ್ಷಿ.

ಹೊಸ ಅಲೆ ಬಂದಾಗ

ನಾಟಕ ಕಂಪನಿಗಳು ಕ್ಷೀಣಿಸಿದಂತೆ ನಟರು ಒಬ್ಬೊಬ್ಬರಾಗಿ ಚಿತ್ರರಂಗದತ್ತ ನಡೆದರು. ವಾಸುದೇವರಾಯರೂ ಹಲವು ಹತ್ತು ಚಿತ್ರಗಳಲ್ಲಿ ಪೋಷಕ ಪಾತ್ರಗಳನ್ನು ನಿರ್ವಹಿಸಿದರು. ಅಂಥ ಪಾತ್ರಗಳಿಗೆ ಎರಡು ದೃಶ್ಯ ಸಿಕ್ಕರೆ ಹೆಚ್ಚು. ಬಂದು, ಆಡಿ, ಮರೆಯಾಗುವ ಕೆಲಸ.

ಈ ನಡುವೆ ಕನ್ನಡ ಚಲನಚಿತ್ರದಲ್ಲಿ ಒಂದು ಪಲ್ಲಟವಾಯಿತು. 1970ರಲ್ಲಿ ಪಟ್ಟಾಭಿರಾಮ ರೆಡ್ಡಿಯವರ ‘ಸಂಸ್ಕಾರ’, 1971ರಲ್ಲಿ ಬಿ. ವಿ. ಕಾರಂತ ಮತ್ತು ಗಿರೀಶ ಕಾರ್ನಾಡರು ಕೂಡಿ ನಿರ್ದೇಶಿಸಿದ ‘ವಂಶವೃಕ್ಷ’, 1973ರಲ್ಲಿ ಕಾರ್ನಾಡರ ‘ಕಾಡು’ ಬಂದವು. ಸ್ಟುಡಿಯೋದ ಬಣ್ಣದ ಮನೆಗಳನ್ನು ಬಿಟ್ಟು ನಿಜವಾದ ಊರು, ನಿಜವಾದ ಅಂಗಳಗಳನ್ನು ಅರಸಿ, ಅಲ್ಪ ಬಂಡವಾಳದಲ್ಲಿ, ಗಂಭೀರ ಸಾಹಿತ್ಯಕೃತಿಗಳನ್ನು ಆಧರಿಸಿ ಮಾಡಿದ ಚಿತ್ರಗಳಿವು. ತಾರಾಮೌಲ್ಯವಿಲ್ಲದ ಇಂಥ ಚಿತ್ರಗಳಲ್ಲಿ ಪೋಷಕ ನಟನಿಗೆ ಕಥೆಯ ನಡುವೆ ನಿಲ್ಲುವ ಅವಕಾಶ ಮೊದಲಬಾರಿಗೆ ದೊರೆಯಿತು. ಯಾಕೆಂದರೆ ಕಥೆಯ ನಡುವೆ ಈಗ ನಿಂತವರು ರಾಜಕುಮಾರರಲ್ಲ. ಒಕ್ಕಲಿಗರು, ವಿಧವೆಯರು, ಜೀತದಾಳುಗಳು.

ಬಿ. ವಿ. ಕಾರಂತರ ಹಿನ್ನೆಲೆಯನ್ನು ಇಲ್ಲಿ ನೆನೆಯಬೇಕು. 1929ರಲ್ಲಿ ಬಂಟವಾಳದ ಬಳಿಯ ಮಂಚಿಯಲ್ಲಿ ಹುಟ್ಟಿದ ಅವರು ಹುಡುಗರಾಗಿದ್ದಾಗ ಮನೆ ಬಿಟ್ಟು ಸೇರಿದ್ದು ಇದೇ ಗುಬ್ಬಿ ಕಂಪನಿಯನ್ನು. ಅವರನ್ನು ಕಾಶಿಗೆ ಓದಲು ಕಳುಹಿಸಿದವರು ವೀರಣ್ಣನವರೇ. ಮುಂದೆ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತು ಆಧುನಿಕ ರಂಗಭೂಮಿಯ ಧುರೀಣರಾದರು. ಕಂಪನಿಯ ನಟನ ಶಕ್ತಿ ಎಲ್ಲಿದೆ, ಅವನ ಅತಿ ಎಲ್ಲಿದೆ ಎಂಬುದನ್ನು ಒಳಗಿನಿಂದ ಬಲ್ಲವರು ಅವರು. ‘ಚೋಮನ ದುಡಿ’ಯನ್ನು ಚಿತ್ರಕ್ಕೆ ತರುವಾಗ ಪ್ರಸಿದ್ಧ ತಾರೆಯೊಬ್ಬನನ್ನು ಕರೆಯದೆ ಈ ಹಳೆಯ ಕಂಪನಿಯ ನಟರಿಗೆ ಚೋಮನ ಪಾತ್ರವನ್ನು ಒಪ್ಪಿಸಿದ್ದು ಆ ಬಲ್ಲತನದ ಫಲವೆಂದೇ ನಾನು ತಿಳಿಯುತ್ತೇನೆ.

ಚೋಮ

ಕಾದಂಬರಿ ಪ್ರಕಟವಾದದ್ದು 1933ರಲ್ಲಿ. ಚಿತ್ರ ಬಂದದ್ದು 1975ರಲ್ಲಿ. ನಡುವೆ 42 ವರ್ಷಗಳು. ಕಥೆ ನಿಮಗೆ ತಿಳಿದದ್ದೇ. ಚೋಮ ಅಸ್ಪೃಶ್ಯ ಜಾತಿಯ ಜೀತದಾಳು. ಒಡೆಯ ಸಂಕಪ್ಪಯ್ಯ. ಕಾಡಿನಲ್ಲಿ ಸಿಕ್ಕ ಎರಡು ಎತ್ತುಗಳನ್ನು ಸಾಕಿಕೊಂಡು, ಒಂದು ತುಂಡು ಭೂಮಿಯನ್ನು ಗೇಣಿಗೆ ಪಡೆದು ತಾನೇ ಉಳಬೇಕೆಂಬುದು ಅವನ ಒಂದೇ ಆಸೆ. ಅವನ ಜಾತಿಯವರು ಬೇಸಾಯ ಮಾಡುವುದು ಊರಿನ ಕಟ್ಟಳೆಗೆ ವಿರುದ್ಧ. ಒಡೆಯನ ಮನಸ್ಸು ಸ್ವಲ್ಪ ಕರಗಿದರೂ ಒಡೆಯನ ತಾಯಿ ಒಪ್ಪುವುದಿಲ್ಲ. ಕಾಫಿ ತೋಟದ ಸಾಲ ಮಕ್ಕಳನ್ನು ಒಬ್ಬೊಬ್ಬರಾಗಿ ಎಳೆದುಕೊಳ್ಳುತ್ತದೆ. ಒಬ್ಬ ಮಗ ಜ್ವರದಿಂದ ಸಾಯುತ್ತಾನೆ, ಒಬ್ಬ ಕ್ರೈಸ್ತನಾಗಿ ದೂರವಾಗುತ್ತಾನೆ. ನೀರಿನಲ್ಲಿ ಮುಳುಗುತ್ತಿದ್ದ ಕಿರಿಯ ಮಗನನ್ನು ಮುಟ್ಟಿದರೆ ಮೈಲಿಗೆಯೆಂದು ಯಾರೂ ಎತ್ತುವುದಿಲ್ಲ. ಮತ ಬದಲಿಸಿದರೆ ಭೂಮಿ ಸಿಗಬಹುದೆಂದು ಹೊರಟ ಚೋಮನನ್ನು ನಂಬಿದ ಪಂಜುರ್ಲಿ ದೈವದ ನೆನಪು ಹಿಂದಕ್ಕೆ ತರುತ್ತದೆ. ಮಗಳು ಬೆಳ್ಳಿಯ ಬಾಳೂ ತೋಟದ ಸಾಲಕ್ಕೆ ಬಲಿಯಾದುದನ್ನು ಕಂಡಾಗ ಅವನಿಗೆ ಉಳಿಯುವುದು ದುಡಿಯೊಂದೇ.

ಕರಾವಳಿಯ ಬೆಟ್ಟು ಗದ್ದೆಗಳನ್ನಾಗಲಿ ಅಡಿಕೆ ತೋಟಗಳನ್ನಾಗಲಿ ನೋಡದ, ಜೋಳದ ಹೊಲಗಳ ನಡುವೆ ಬೆಳೆದ ನಮಗೆ ಈ ಲೋಕ ದೂರದ್ದು. ಆದರೆ ದುಡಿಯನ್ನು ತಿಳಿಯಲು ನಮಗೆ ಕಷ್ಟವಿಲ್ಲ. ನಮ್ಮ ಊರುಗಳ ಹಲಗಿಯನ್ನು ನೆನೆದರೆ ಸಾಕು. ಊರಿನ ಮದುವೆಗೂ ಮಣ್ಣಿಗೂ ಹಲಗಿ ಬೇಕು. ಅದನ್ನು ಬಾರಿಸುವವನು ಮಾತ್ರ ಪಂಕ್ತಿಯಿಂದ ಹೊರಗೆ.

ನಾನು ಈ ಚಿತ್ರವನ್ನು ಮೊದಲು ನೋಡಿದ್ದು ಶಾಲಾ ದಿನಗಳಲ್ಲಿ, ದೂರದರ್ಶನದಲ್ಲಿ. ಭಾನುವಾರ ಮಧ್ಯಾಹ್ನ ಪ್ರಾದೇಶಿಕ ಭಾಷೆಗಳ ಪ್ರಶಸ್ತಿ ಚಿತ್ರಗಳು ಬರುತ್ತಿದ್ದ ಕಾಲವದು. ಓಣಿಗೆ ಒಂದೇ ಟಿ.ವಿ. ನೋಡಲು ಕುಳಿತವರಲ್ಲಿ ಅರ್ಧ ಕನ್ನಡಿಗರು, ಅರ್ಧ ಮರಾಠಿಗರು. ತೆರೆಯ ಕೆಳಗಿನ ಇಂಗ್ಲಿಷ್ ಸಾಲುಗಳನ್ನು ಓದಬಲ್ಲವರು ಯಾರೂ ಇರಲಿಲ್ಲ. ಎರಡೂ ಭಾಷೆ ಬಲ್ಲ ಹುಡುಗನೆಂದು ನನ್ನನ್ನು ಮುಂದೆ ಕೂರಿಸಿ ಮರಾಠಿಯಲ್ಲಿ ಹೇಳಲು ಹೇಳಿದರು. ಕರಾವಳಿಯ ಕನ್ನಡ ನನಗೇ ಅರೆಬರೆ ತಿಳಿಯುತ್ತಿತ್ತು. ತಿಳಿದಷ್ಟನ್ನು ಹೇಳುತ್ತ ಹೋದೆ. ಚಿತ್ರದ ಅರ್ಧ ಕಳೆಯುವ ಹೊತ್ತಿಗೆ ಯಾರೂ ನನ್ನನ್ನು ಕೇಳುತ್ತಿರಲಿಲ್ಲ. ಆ ಮುದುಕನ ಮುಖವನ್ನೇ ನೋಡುತ್ತಿದ್ದರು. ಹಿಂದೆ ಗೋಡೆಗೊರಗಿ ನಿಂತಿದ್ದ, ನಮ್ಮ ಓಣಿಯ ಹೊಲಗಳಲ್ಲಿ ಸಾಲಗಡಿಯಾಗಿ ದುಡಿಯುತ್ತಿದ್ದ ಹಿರಿಯನೊಬ್ಬ ಚಿತ್ರ ಮುಗಿಯುವ ಮೊದಲೇ ಎದ್ದು ಹೋದ. ಅವನು ಏಕೆ ಹೋದನೆಂಬುದನ್ನು ಅಂದು ನಾನು ಯೋಚಿಸಲಿಲ್ಲ. ಕಾದಂಬರಿಯನ್ನು ಪಾಠ ಮಾಡಲು ತೊಡಗಿದ ಮೇಲೆ ಪ್ರತಿವರ್ಷವೂ ಯೋಚಿಸಿದ್ದೇನೆ.

ವಾಸುದೇವರಾಯರ ಚೋಮನಲ್ಲಿ ನಾವು ಗಮನಿಸಬೇಕಾದದ್ದು ಬೆನ್ನು. ಒಡೆಯನ ಅಂಗಳದಲ್ಲಿ ಆ ಬೆನ್ನು ಬಾಗುತ್ತದೆ. ಬಾಗುವುದು ಅವನಿಗೆ ಉಸಿರಾಟದಷ್ಟು ರೂಢಿಯಾಗಿದೆ. ಗುಡಿಸಲಿನಲ್ಲಿ ಮಕ್ಕಳ ಮುಂದೆ ಅದೇ ಬೆನ್ನು ಬೇರೆಯಾಗುತ್ತದೆ. ಅಲ್ಲಿ ಅವನು ಯಜಮಾನ, ಕೋಪಿಷ್ಠ, ಕುಡುಕ, ಮೋಹದ ತಂದೆ. ದುಡಿಯನ್ನು ಕೈಗೆತ್ತಿಕೊಂಡಾಗ ಮೂರನೆಯ ಚೋಮನೊಬ್ಬ ಕಾಣಿಸುತ್ತಾನೆ. ಮಾತಿನಲ್ಲಿ ಹೇಳಲಾಗದ ಸಂತೋಷ, ಸಿಟ್ಟು, ಅಳಲು ಎಲ್ಲವೂ ಬೆರಳುಗಳಿಗೆ ಇಳಿಯುತ್ತವೆ. ಕಡೆಯ ಸಾಲಿಗೆ ದನಿ ಎಸೆಯಲು ಕಲಿತ ನಟ ಇಲ್ಲಿ ದನಿಯನ್ನು ನುಂಗಿಕೊಂಡಿದ್ದಾನೆ. ಕಂಪನಿಯ ಶಿಕ್ಷಣ ವ್ಯರ್ಥವಾಗಲಿಲ್ಲ. ಗಂಟಲಿನ ಬಲ ಮೈಯ ಬಲವಾಗಿ ಮಾರ್ಪಟ್ಟಿತು. ಚಿತ್ರದ ಸಂಗೀತವೂ ಬಿ. ವಿ. ಕಾರಂತರದೇ ಆದುದರಿಂದ ದುಡಿಯ ನಾದ ಹಿನ್ನೆಲೆಯ ಅಲಂಕಾರವಾಗಿ ಉಳಿಯದೆ ಸ್ವತಃ ಒಂದು ಪಾತ್ರವಾಯಿತು. ಬೆಳ್ಳಿಯಾಗಿ ಪದ್ಮಾ ಕುಮಟಾ ಅವರ ಸಂಯಮದ ಅಭಿನಯವೂ ಚೋಮನ ದುರಂತಕ್ಕೆ ಆಳ ಕೊಟ್ಟಿತು.

ಚಿತ್ರ ಬಂದ ಕಾಲವೂ ಅರ್ಥಪೂರ್ಣವಾದುದು. ಉಳುವವನಿಗೆ ಭೂಮಿಯ ಒಡೆತನ ಕೊಡುವ ಕರ್ನಾಟಕದ ಭೂಸುಧಾರಣಾ ತಿದ್ದುಪಡಿ ಜಾರಿಗೆ ಬಂದದ್ದು 1974ರ ಮಾರ್ಚ್ 1ರಂದು. ನಮ್ಮ ಮಹಾರಾಷ್ಟ್ರದಲ್ಲಿ 1972ರಲ್ಲಿ ದಲಿತ ಪ್ಯಾಂಥರ್ ಸಂಘಟನೆ ಹುಟ್ಟಿತ್ತು. 1933ರ ಚೋಮ 1975ರಲ್ಲಿ ತೆರೆಯ ಮೇಲೆ ಬಂದಾಗ ಅವನು ಹಳೆಯ ಕಥೆಯ ಮನುಷ್ಯನಾಗಿರಲಿಲ್ಲ. ಗೇಣಿದಾರನಿಗೆ ಭೂಮಿ ಕೊಡುವ ಕಾನೂನಿನಿಂದ, ಗೇಣಿಯನ್ನೂ ಪಡೆಯಲಾಗದ ಚೋಮನಿಗೆ ಏನು ದೊರೆಯಿತು ಎಂಬ ಪ್ರಶ್ನೆಯನ್ನು ಆ ಮುಖ ಕೇಳುತ್ತಿತ್ತು.

ಪ್ರಶಸ್ತಿಯ ಸಾಲು

1975ನೆಯ ಸಾಲಿನ ರಾಷ್ಟ್ರೀಯ ಪ್ರಶಸ್ತಿಗಳಲ್ಲಿ ‘ಚೋಮನ ದುಡಿ’ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲವನ್ನು ಪಡೆಯಿತು. ಶಿವರಾಮ ಕಾರಂತರಿಗೆ ಕಥೆಗಾಗಿ ಗೌರವ ಸಂದಿತು. ವಾಸುದೇವರಾಯರು ಶ್ರೇಷ್ಠ ನಟರಾದರು. ಆ ವರ್ಷದ ಶ್ರೇಷ್ಠ ನಟಿ ‘ಮೌಸಮ್’ ಚಿತ್ರದ ಶರ್ಮಿಳಾ ಟ್ಯಾಗೋರ್; ಶ್ರೇಷ್ಠ ನಿರ್ದೇಶಕ ‘ಜನ ಅರಣ್ಯ’ದ ಸತ್ಯಜಿತ್ ರಾಯ್. ಗುಬ್ಬಿ ಕಂಪನಿಯ ಹಳೆಯ ನಟರೊಬ್ಬರ ಹೆಸರು ಈ ಹೆಸರುಗಳ ಪಕ್ಕದಲ್ಲಿ ಅಚ್ಚಾಯಿತು.

ಆ ವರ್ಷದ ಆಚೀಚೆಯ ಪಟ್ಟಿಯನ್ನೂ ನೋಡಿದರೆ ಒಂದು ಸ್ವಾರಸ್ಯ ಕಾಣುತ್ತದೆ. 1973ರಲ್ಲಿ ಶ್ರೇಷ್ಠ ನಟರಾದವರು ಮಲಯಾಳದ ‘ನಿರ್ಮಾಲ್ಯಂ’ ಚಿತ್ರದಲ್ಲಿ ಹೊಟ್ಟೆಗಿಲ್ಲದ ದೈವಪಾತ್ರಿಯಾಗಿ ಅಭಿನಯಿಸಿದ ಪಿ. ಜೆ. ಆಂಟನಿ. 1974ರಲ್ಲಿ ಶ್ಯಾಮ್ ಬೆನೆಗಲ್ಲರ ‘ಅಂಕುರ್’ ಚಿತ್ರದಲ್ಲಿ ಮೂಗ ಕೂಲಿಯಾಳಾದ ಸಾಧು ಮೆಹೆರ್. 1975ರಲ್ಲಿ ಚೋಮನಾದ ವಾಸುದೇವರಾಯರು. 1976ರಲ್ಲಿ ಮೃಣಾಲ್ ಸೇನರ ‘ಮೃಗಯಾ’ದಲ್ಲಿ ಬುಡಕಟ್ಟಿನ ಬೇಟೆಗಾರನಾದ ಮಿಥುನ್ ಚಕ್ರವರ್ತಿ. ಸತತವಾಗಿ ನಾಲ್ಕು ವರ್ಷ ಈ ದೇಶದ ಶ್ರೇಷ್ಠ ನಟನ ಪಟ್ಟ ದೊರೆತದ್ದು ದೇಶದ ಕಟ್ಟಕಡೆಯ ಮನುಷ್ಯನ ಪಾತ್ರಕ್ಕೆ. ಇವರಲ್ಲಿ ಮಿಥುನ್ ಮಾತ್ರ ಮುಂದೆ ತಾರೆಯಾದರು.

ವೆಂಕಯ್ಯ

ಪ್ರಶಸ್ತಿಯ ನಂತರ ಬಂದ ಇನ್ನೊಂದು ದೊಡ್ಡ ಪಾತ್ರ ವಾಸುದೇವರಾಯರ ಕಲೆಯನ್ನು ಅಳೆಯಲು ನಮಗೆ ಸರಿಯಾದ ಅಳತೆಗೋಲು. 1977ರಲ್ಲಿ ಬಂಗಾಳದ ಮೃಣಾಲ್ ಸೇನರು ತೆಲುಗಿನಲ್ಲಿ ‘ಒಕ ಊರಿ ಕಥ’ ಎಂಬ ಚಿತ್ರವನ್ನು ಮಾಡಿದರು. ಮೂಲಕಥೆ ಪ್ರೇಮಚಂದರ ‘ಕಫನ್’. ಉತ್ತರ ಭಾರತದ ಕಥೆ, ಬಂಗಾಳಿ ನಿರ್ದೇಶಕ, ತೆಲುಗು ನೆಲ, ಕನ್ನಡದ ನಟ. ಸೊಸೆ ನೀಲಮ್ಮನಾಗಿ ಬಂಗಾಳದ ಮಮತಾ ಶಂಕರ್, ಮಗ ಕಿಷ್ಟಯ್ಯನಾಗಿ ನಾರಾಯಣರಾವ್, ಮುದುಕ ವೆಂಕಯ್ಯನಾಗಿ ವಾಸುದೇವರಾಯರು. ಆ ವರ್ಷದ ಅತ್ಯುತ್ತಮ ತೆಲುಗು ಚಿತ್ರವೆಂಬ ರಾಷ್ಟ್ರೀಯ ಪ್ರಶಸ್ತಿ ಅದಕ್ಕೆ ಬಂದಿತು.

ನಮ್ಮಲ್ಲಿ ಹಲವರು ‘ಕಫನ್’ ಕಥೆಯನ್ನು ಹಿಂದಿ ಪಠ್ಯದಲ್ಲಿ ಓದಿದವರು. ಒಳಗೆ ಸೊಸೆ ಹೆರಿಗೆಯ ನೋವಿನಲ್ಲಿ ಸಾಯುತ್ತಿದ್ದರೆ ಹೊರಗೆ ತಂದೆ ಮಗ ಬೆಂಕಿಯಲ್ಲಿ ಆಲೂಗಡ್ಡೆ ಸುಟ್ಟು ತಿನ್ನುತ್ತಾರೆ. ಹೆಣದ ಬಟ್ಟೆಗೆಂದು ಬೇಡಿ ತಂದ ಹಣವನ್ನು ಕುಡಿದು ಕಳೆಯುತ್ತಾರೆ. ಅವರನ್ನು ಸೋಮಾರಿಗಳೆಂದು ಜರಿದು ಮುಂದೆ ಹೋಗುವುದು ಸುಲಭ. ಸೇನರ ವೆಂಕಯ್ಯ ಹಾಗೆ ಮುಂದೆ ಹೋಗಲು ಬಿಡುವುದಿಲ್ಲ. ದುಡಿದರೆ ಒಡೆಯನ ಹೊಟ್ಟೆ ತುಂಬುತ್ತದೆ. ದುಡಿಯದಿದ್ದರೂ ತನ್ನ ಹೊಟ್ಟೆ ಖಾಲಿಯೇ. ಹಾಗಿದ್ದರೆ ದುಡಿಯುವ ಮೂರ್ಖತನವೇಕೆ ಎಂಬುದು ಅವನ ತರ್ಕ. ಅವನ ಸೋಮಾರಿತನ ಒಂದು ಬಗೆಯ ಮುಷ್ಕರ. ಆದರೆ ಆ ಮುಷ್ಕರದ ಬೆಲೆಯನ್ನು ತೆರುವವಳು ಒಡೆಯನಲ್ಲ, ಮನೆಗೆ ಬಂದ ಹೆಣ್ಣುಮಗಳು. ಚಿತ್ರದ ಕ್ರೌರ್ಯವಿರುವುದು ಇಲ್ಲಿ.

ಈಗ ಇಬ್ಬರನ್ನೂ ಅಕ್ಕಪಕ್ಕದಲ್ಲಿ ನಿಲ್ಲಿಸಿ ನೋಡಿ. ಚೋಮ ದುಡಿಯುವ ಹಕ್ಕಿಗಾಗಿ ಹಂಬಲಿಸಿ ಸಾಯುತ್ತಾನೆ. ವೆಂಕಯ್ಯ ದುಡಿಮೆಯನ್ನೇ ನೋಡಿ ನಗುತ್ತಾನೆ. ಒಬ್ಬನಿಗೆ ನೇಗಿಲು ಮೋಕ್ಷ, ಇನ್ನೊಬ್ಬನಿಗೆ ನೇಗಿಲು ಮೋಸ. ಎರಡು ವರ್ಷಗಳ ಅಂತರದಲ್ಲಿ ಒಂದೇ ಬಡಕಲು ದೇಹ ಈ ಎರಡು ಸತ್ಯಗಳನ್ನೂ ಆಡಿ ತೋರಿಸಿತು, ಎರಡಕ್ಕೂ ಸಮಾನವಾದ ಗೌರವವನ್ನು ಕೊಟ್ಟಿತು. ನಟ ಚೋಮನನ್ನು ಹೆಚ್ಚು ಪ್ರೀತಿಸಿ ವೆಂಕಯ್ಯನನ್ನು ಕಡಿಮೆ ಪ್ರೀತಿಸಿದ್ದರೆ ಅದು ತೆರೆಯ ಮೇಲೆ ಕಾಣುತ್ತಿತ್ತು. ಹಾಗೆ ಕಾಣುವುದಿಲ್ಲ. ಚೋಮನ ಆಸೆ ಇನ್ನೂ ಹತ್ತು ಸಲ ಮುರಿದಿದ್ದರೆ ಅವನು ವೆಂಕಯ್ಯನಾಗುತ್ತಿದ್ದನೇನೋ ಎಂದು ನಮಗೆ ಅನ್ನಿಸುವಂತೆ ಅವರು ಆಡಿದರು. ಕನ್ನಡದಲ್ಲಿ ಕಾರಂತರನ್ನೂ ಹಿಂದಿಯಲ್ಲಿ ಪ್ರೇಮಚಂದರನ್ನೂ ಬೇರೆಬೇರೆ ತಾಸುಗಳಲ್ಲಿ ಓದುವ ನೀವು ಈ ಎರಡು ಕೃತಿಗಳನ್ನು ಒಂದೇ ಮೇಜಿನ ಮೇಲಿಡಲು ಒಬ್ಬ ನಟ ದಾರಿ ಮಾಡಿಕೊಟ್ಟಿದ್ದಾನೆ.

ಇಲ್ಲಿ ನಮ್ಮ ವಿದ್ಯಾರ್ಥಿಯೊಬ್ಬ ತರಗತಿಯಲ್ಲಿ ಎತ್ತಿದ ಆಕ್ಷೇಪವನ್ನು ಮರೆಮಾಚದೆ ಹೇಳಬೇಕು. ಅವನ ತಂದೆತಾಯಿಗಳು ಪ್ರತಿವರ್ಷ ದೀಪಾವಳಿಯ ಆಸುಪಾಸಿನಲ್ಲಿ ಕಬ್ಬು ಕಡಿಯುವ ತಂಡದೊಡನೆ ಹೊರಡುವವರು. ಮುಕ್ಕಾದಮನಿಂದ ಮುಂಗಡವಾಗಿ ಪಡೆದ ಉಚಲನ್ನು ತೀರಿಸಲು ಹಂಗಾಮು ಪೂರ್ತಿ ದುಡಿದು, ತೀರದೆ ಉಳಿದುದನ್ನು ಮುಂದಿನ ವರ್ಷಕ್ಕೆ ಹೊತ್ತು ಬರುವವರು. ಕಾಫಿ ತೋಟದ ಸಾಲವೆಂದರೇನೆಂದು ಅವನಿಗೆ ನಾನು ವಿವರಿಸಬೇಕಾಗಿರಲಿಲ್ಲ. ಕಾದಂಬರಿಕಾರರೂ ನಿರ್ದೇಶಕರೂ ಚೋಮನ ಜಾತಿಯಲ್ಲಿ ಹುಟ್ಟಿದವರಲ್ಲ. ಚೋಮನನ್ನು ಸಾಯಿಸಿ ನೋಡುವವರ ಕಣ್ಣಲ್ಲಿ ನೀರು ತರಿಸುವುದರಿಂದ ಚೋಮನಿಗೇನು ಲಾಭ ಎಂದು ಅವನು ಕೇಳಿದ.

ಪ್ರಶ್ನೆ ನ್ಯಾಯವಾದುದು. ನಮ್ಮ ಅಕ್ಕಲಕೋಟ ತಾಲೂಕಿನ ಹನ್ನೂರಿನಲ್ಲಿ ಹುಟ್ಟಿದ ಶರಣಕುಮಾರ ಲಿಂಬಾಳೆಯವರ ‘ಅಕ್ಕರಮಾಶಿ’ಯನ್ನು ಓದಿದವರಿಗೆ ಹಸಿವು ಮತ್ತು ಅವಮಾನಗಳನ್ನು ಒಳಗಿನಿಂದ ಹೇಳುವ ದನಿ ಎಷ್ಟು ಬೇರೆಯೆಂಬುದು ತಿಳಿದಿದೆ. ಕಾರಂತರ ಚೋಮ ಹೊರಗಿನವನ ಸಹಾನುಭೂತಿಯಿಂದ ಹುಟ್ಟಿದವನೆಂಬುದನ್ನು ನಾವು ಒಪ್ಪಬೇಕು. ಆದರೆ ಅವನಿಗೆ ನಾನು ಹೇಳಿದ್ದು ಇಷ್ಟು: ಅಂದು ನಮ್ಮ ಓಣಿಯ ಟಿ.ವಿ. ಮುಂದಿನಿಂದ ಎದ್ದು ಹೋದ ಸಾಲಗಡಿ ಸುಳ್ಳನ್ನು ನೋಡಿ ಎದ್ದು ಹೋದನೋ, ನಿಜವನ್ನು ನೋಡಲಾರದೆ ಎದ್ದು ಹೋದನೋ ಎಂಬುದನ್ನು ನಾನು ಇನ್ನೂ ತೀರ್ಮಾನಿಸಿಲ್ಲ. ಆ ತೀರ್ಮಾನ ನನಗಿಂತ ಚೆನ್ನಾಗಿ ನಿನ್ನಿಂದಾದೀತು. ಚಿತ್ರವನ್ನು ನೋಡಿ ಬಂದು ಹೇಳು. ಅವನು ನೋಡಿ ಬಂದ. ಕಥೆಯ ಬಗ್ಗೆ ಅವನ ಆಕ್ಷೇಪ ಹಾಗೆಯೇ ಉಳಿದಿತ್ತು. ಆದರೆ ಆ ನಟ ಕುಳಿತುಕೊಳ್ಳುವ ರೀತಿ ತನ್ನ ಅಜ್ಜನದೇ ಎಂದು ಹೇಳಿ ಸುಮ್ಮನಾದ.

ಧಾರಾವಿಯ ಹುಸೇನ್

ಶ್ರೇಷ್ಠ ನಟರೆಂಬ ಗೌರವದ ನಂತರವೂ ವಾಸುದೇವರಾಯರ ಸ್ಥಾನ ಬದಲಾಗಲಿಲ್ಲ. ಅವರು ಪೋಷಕ ನಟರಾಗಿಯೇ ಮುಂದುವರಿದರು. ನಿಮ್ಮಲ್ಲಿ ಹಲವರು ಅವರನ್ನು ಈಗಾಗಲೇ ನೋಡಿದ್ದೀರಿ, ಗುರುತಿಸಿಲ್ಲ ಅಷ್ಟೆ. 1987ರ ಮಣಿರತ್ನಂ ಅವರ ತಮಿಳು ಚಿತ್ರ ‘ನಾಯಗನ್’ ನೆನಪಿಸಿಕೊಳ್ಳಿ. ಮುಂಬಯಿಗೆ ಓಡಿಬಂದ ಅನಾಥ ಹುಡುಗ ವೇಲುವನ್ನು ಧಾರಾವಿಯಲ್ಲಿ ತನ್ನ ಮಗಳೊಡನೆ ಮಗನಂತೆ ಸಾಕುವ ಮುದುಕ ಹುಸೇನ್ ಭಾಯಿ ಇದ್ದಾನಲ್ಲ, ಅವರೇ ವಾಸುದೇವರಾಯರು. ಸಣ್ಣ ಪ್ರಮಾಣದ ಕಳ್ಳಸಾಗಣೆ ಮಾಡುವ, ನಮಾಜು ಬಿಡದ, ಮನಸ್ಸು ಮೆತ್ತಗಿನ ಮನುಷ್ಯ. ಪೊಲೀಸರ ವಶದಲ್ಲಿ ಅವನ ಸಾವು ಸಂಭವಿಸಿದ ಮೇಲೆ ವೇಲು ಸೇಡು ತೀರಿಸಿಕೊಳ್ಳುತ್ತಾನೆ, ನಾಯಕನಾಗುತ್ತಾನೆ. ಕಮಲ್ ಹಾಸನ್ ಅವರಿಗೆ ಆ ಪಾತ್ರಕ್ಕಾಗಿ ರಾಷ್ಟ್ರೀಯ ಪ್ರಶಸ್ತಿ ಬಂದಿತು. ಹನ್ನೆರಡು ವರ್ಷಗಳ ಹಿಂದೆ ಅದೇ ಪ್ರಶಸ್ತಿಯನ್ನು ಪಡೆದ ಹಿರಿಯರು ಆ ಕಥೆಯ ಮೊದಲ ಭಾಗದಲ್ಲಿ ಬಂದು, ಹೊಸ ನಾಯಕನನ್ನು ಸಾಕಿ, ಪ್ರಾಣಬಿಟ್ಟು, ಸದ್ದಿಲ್ಲದೆ ಹೊರನಡೆದಿದ್ದರು. ಪೋಷಕ ಎಂಬ ಪದದ ಅರ್ಥವನ್ನು ಇದಕ್ಕಿಂತ ನೇರವಾಗಿ ತೋರಿಸುವ ಉದಾಹರಣೆ ನನಗೆ ತಿಳಿದಿಲ್ಲ.

ಮರಾಠಿ ಬಲ್ಲ ನಮ್ಮ ವಿದ್ಯಾರ್ಥಿಗಳಿಗೆ ನೀಳು ಫುಲೆಯವರು ಚಿರಪರಿಚಿತರು. ಅವರ ಒಂದು ಕಣ್ಣೋಟವನ್ನೂ ಅನುಕರಿಸಿ ತೋರಿಸುವವರು ನಮ್ಮ ಹಾಸ್ಟೆಲಿನಲ್ಲೇ ಇದ್ದಾರೆ. ಜಬ್ಬಾರ್ ಪಟೇಲರ ‘ಸಾಮನಾ’ದಲ್ಲಿ ಸಕ್ಕರೆ ಕಾರ್ಖಾನೆಯ ಒಡೆಯ ಹಿಂದೂರಾವನಾಗಿ ಫುಲೆಯವರು ಆಡಿದ್ದನ್ನು ಅವರು ಮನೆಯ ಮಾತಿನಂತೆ ನೆನೆಯುತ್ತಾರೆ. ಸಂತೋಷವೇ. ಒಂದು ಕಣ್ಣಿಗೆ ಫುಲೆಯವರು ಕಂಡಂತೆ ಇನ್ನೊಂದು ಕಣ್ಣಿಗೆ ವಾಸುದೇವರಾಯರೂ ಕಾಣಲಿ ಎಂಬುದಷ್ಟೇ ನನ್ನ ಬಯಕೆ. ಎರಡು ಭಾಷೆಗಳ ನಡುವೆ ಬದುಕುವವರಿಗೆ ಎರಡು ನೆನಪುಗಳನ್ನು ಕಾಯ್ದುಕೊಳ್ಳುವ ಹೊಣೆಯೂ ಇದೆ.

ಉಳಿದದ್ದು

ವಾಸುದೇವರಾಯರು ತೀರಿಕೊಂಡದ್ದು 2002ರಲ್ಲಿ. ಅದೇ ವರ್ಷದ ಸೆಪ್ಟೆಂಬರ್ 1ರಂದು ಬಿ. ವಿ. ಕಾರಂತರೂ ಕಣ್ಮರೆಯಾದರು. ಗುಬ್ಬಿ ಕಂಪನಿಯ ನೆರಳಿನಲ್ಲಿ ಬೆಳೆದು, ಚೋಮನ ಗುಡಿಸಲಿನಲ್ಲಿ ಕೂಡಿ ಕೆಲಸ ಮಾಡಿದ ನಟ ಮತ್ತು ನಿರ್ದೇಶಕರಿಬ್ಬರೂ ಒಂದೇ ವರ್ಷದಲ್ಲಿ ಹೋದರು. ಶಿವರಾಮ ಕಾರಂತರು ಅದಕ್ಕೆ ಮೊದಲೇ, 1997ರಲ್ಲಿ, ಅಗಲಿದ್ದರು.

ಅವರ ನಂತರ ಕನ್ನಡ ಚಿತ್ರಗಳ ಅಭಿನಯಕ್ಕಾಗಿ ‘ತಬರನ ಕಥೆ’ಯ ಚಾರುಹಾಸನ್ ಅವರಿಗೂ ‘ನಾನು ಅವನಲ್ಲ ಅವಳು’ ಚಿತ್ರದ ಸಂಚಾರಿ ವಿಜಯ್ ಅವರಿಗೂ ಶ್ರೇಷ್ಠ ನಟ ಪ್ರಶಸ್ತಿ ಬಂದಿತು. ಪಿಂಚಣಿಗಾಗಿ ಕಚೇರಿಗಳನ್ನು ಅಲೆಯುವ ಜವಾನ ಒಬ್ಬನದು, ತನ್ನ ಹೆಣ್ತನವನ್ನು ಲೋಕದ ಮುಂದೆ ಒಪ್ಪಿಸುವ ಹೋರಾಟ ಇನ್ನೊಬ್ಬಳದು. ವಾಸುದೇವರಾಯರು ತೆರೆದ ಬಾಗಿಲಿನಿಂದಲೇ ಅವರೂ ಒಳಬಂದರೆಂದು ಹೇಳಿದರೆ ತಪ್ಪಾಗಲಾರದು.

ಬರುವ ಸೆಮಿಸ್ಟರಿನಲ್ಲಿ ‘ಚೋಮನ ದುಡಿ’ಯನ್ನು ಪಾಠ ಮಾಡುವಾಗ ಈ ಬಾರಿ ಒಂದು ಕ್ರಮವನ್ನು ಅನುಸರಿಸೋಣ. ಮೊದಲು ಕಾದಂಬರಿಯನ್ನು ಪೂರ್ತಿಯಾಗಿ ಓದಿ. ಸಾರಾಂಶದ ಗೈಡುಗಳನ್ನು ಬದಿಗಿಡಿ. ಆಮೇಲೆ ಚಿತ್ರವನ್ನು ನೋಡಿ. ಒಡೆಯನ ಅಂಗಳ, ಗುಡಿಸಲು, ದುಡಿಯ ಸನ್ನಿಧಿ ಈ ಮೂರು ಕಡೆಗಳಲ್ಲಿ ಚೋಮನ ಬೆನ್ನು ಹೇಗಿದೆಯೆಂದು ಗುರುತು ಹಾಕಿಕೊಳ್ಳಿ. ನಂತರ ‘ಕಫನ್’ ಓದಿ, ಸಾಧ್ಯವಾದರೆ ‘ಒಕ ಊರಿ ಕಥ’ವನ್ನು ನೋಡಿ. ಚೋಮ ಮತ್ತು ವೆಂಕಯ್ಯ ಎದುರುಬದುರು ಕುಳಿತರೆ ಏನು ಮಾತಾಡಿಯಾರು ಎಂಬುದನ್ನು ಎರಡು ಪುಟಗಳಲ್ಲಿ ಬರೆದು ತನ್ನಿ. ಕಬ್ಬಿನ ಹಂಗಾಮಿಗೆ ತಂದೆತಾಯಿಗಳು ಹೊರಟಿರುವ ಮನೆಗಳಿಂದ ಬಂದವರು ಆ ಸಂಭಾಷಣೆಯಲ್ಲಿ ಮೂರನೆಯವರಾಗಿ ಕುಳಿತು ಬರೆಯಬಹುದು. ಅವರ ಮಾತನ್ನು ಕೇಳಲು ನಾನು ಕಾದಿರುತ್ತೇನೆ.

ಚಿತ್ರ ಮುಗಿದ ಕೂಡಲೇ ಎದ್ದು ಹೋಗಬೇಡಿ. ಹೆಸರುಗಳು ಬರುವಾಗ ಕುಳಿತಿದ್ದು ಓದಿ. ಮುಂದಿನ ವರ್ಷ ಅದೇ ಮೂರನೆಯ ಪ್ರಶ್ನೆಯನ್ನು ನಾನು ಕೇಳಿದಾಗ ಒಂದು ಕೈಯಾದರೂ ಮೇಲೇಳಬೇಕು.